ಮರಗೆಣಸಿನ ಎಲೆ ಮುರುಟಿದೆ, ಹಳದಿ ಮಚ್ಚೆ: ಜಿಂಕ್ ಕೊರತೆಯಾ, ರೋಗವಾ?

ಹನೂರು ಹೊಲ:
ಒಂದು ಎಕರೆ, ಡ್ರಿಪ್, ಎರಡೂವರೆ ತಿಂಗಳ ಬೆಳೆ. ನೆಡುವ ಕಡ್ಡಿ ಸೇಲಂ ಕಡೆಯಿಂದ ತರಿಸಿದ್ದು, ಎಚ್-226 ತಳಿ. ಅಲ್ಲಲ್ಲಿ ಗಿಡಗಳಲ್ಲಿ ಹಳದಿ-ಹಸಿರು ಮಚ್ಚೆ, ಎಲೆ ಸೊಟ್ಟಗಾಗಿದೆ. ಗೊಬ್ಬರದ ಅಂಗಡಿಯಲ್ಲಿ ಜಿಂಕ್ ಕೊರತೆ ಅಂದರು. ಹೊಡೆದೆ, ಏನೂ ಬದಲಾಗಲಿಲ್ಲ. ಯೂರಿಯಾ ಜಾಸ್ತಿ ಕೊಡಲಾ?

ಗೆಡ್ಡೆಗೆಣಸು:
ಯೂರಿಯಾ ಬೇಡ ಸರ್. ಸೊಪ್ಪು ಬರುತ್ತದೆ, ಗೆಡ್ಡೆ ಬರುವುದಿಲ್ಲ. ಜಿಂಕ್ ಕೊರತೆ ಆಗಿದ್ದರೆ ಎಲೆಯ ಎರಡೂ ಪಕ್ಕ ಹೆಚ್ಚುಕಮ್ಮಿ ಒಂದೇ ಥರ ಇರುತ್ತದೆ. ಒಂದೇ ಪಕ್ಕಕ್ಕೆ ಸೊಟ್ಟಗಾಗಿದ್ದರೆ ಅದು ಮೊಸಾಯಿಕ್ ನಂಜುರೋಗ (ವೈರಸ್). ಎಚ್-226ಕ್ಕೆ ಇದು ಬೇಗ ತಗಲುತ್ತದೆ. ಮಚ್ಚೆ ಬುಡದ ಎಲೆಯಿಂದಲೇ ಇದೆಯಾ, ತುದಿಯಲ್ಲಿ ಮಾತ್ರವಾ? ಬುಡದಿಂದಲೇ ಇದ್ದರೆ ರೋಗ ಕಡ್ಡಿಯಲ್ಲೇ ಬಂದಿದೆ. ತುದಿಯಲ್ಲಿ ಮಾತ್ರ ಇದ್ದರೆ ಆಮೇಲೆ ಬಿಳಿನೊಣ ತಂದದ್ದು.

ಹನೂರು ಹೊಲ:
ಬೆಳಗ್ಗೆ ನೋಡಿದೆ. ಹೆಚ್ಚಿನವು ಬುಡದಿಂದಲೇ, ಒಂದೇ ಪಕ್ಕಕ್ಕೆ ಸೊಟ್ಟ. ಕೆಲವಕ್ಕೆ ಮಾತ್ರ ತುದಿಯಲ್ಲಿದೆ. ಎಲೆ ಮಗುಚಿದರೆ ಬಿಳಿನೊಣ ಪುರ್ರನೆ ಏಳುತ್ತವೆ. ಎಲ್ಲಾ ಕೀಳಬೇಕಾ?

ಗೆಡ್ಡೆಗೆಣಸು:
ಎಲ್ಲಾ ಬೇಡ. ವಾಸಿ ಮಾಡುವ ಔಷಧಿ ಇಲ್ಲ. ಸ್ಪ್ರೇಯಿಂದ ನೊಣ ಕಮ್ಮಿಯಾದೀತು, ಗಿಡದೊಳಗಿನ ನಂಜು ಹೋಗುವುದಿಲ್ಲ. ಎಲೆ ಚಿಕ್ಕದಾಗಿ ಕುಳ್ಳಗೆ ನಿಂತವನ್ನು ಕಿತ್ತು ಸುಟ್ಟುಬಿಡಿ. ತುದಿಗೆ ಮಾತ್ರ ಬಂದವು ಇರಲಿ, ತಡವಾಗಿ ತಗಲಿದ ಗಿಡ ಸುಮಾರಾಗಿ ಗೆಡ್ಡೆ ಕೊಡುತ್ತದೆ. ಆದರೆ ಈಗಲೇ ಕೆಂಪು ದಾರ ಕಟ್ಟಿಡಿ. ಕೊಯ್ಲಿನ ಹೊತ್ತಿಗೆ ಎಲೆ ಉದುರಿ ಬರೀ ಕಾಂಡ ನಿಂತಿರುತ್ತದೆ, ಯಾವುದು ರೋಗದ್ದು ಅಂತ ಯಾರಿಗೂ ತಿಳಿಯುವುದಿಲ್ಲ, ಅದೇ ಕಾಂಡವನ್ನು ಮತ್ತೆ ನೆಡುವ ಕಡ್ಡಿಯಾಗಿ ಕೊಂಡೊಯ್ಯುತ್ತಾರೆ. ಈ ರೋಗ ಊರೂರು ಸುತ್ತೋದೇ ಹಾಗೆ.

ಕೆಮ್ಮಣ್ಣು:
ಮುಂದಿನ ಸಲ ಕಡ್ಡಿಯನ್ನು ಸೀದಾ ಹೊಲಕ್ಕೆ ಹಾಕಬೇಡಿ. 20 ಸೆಂ.ಮೀ. ತುಂಡು ಮಾಡಿ, ಮಡಿಯಲ್ಲಿ ಒತ್ತೊತ್ತಾಗಿ ನೆಟ್ಟು, ಮೂರು ವಾರ ನೀರು ಕೊಡಿ. ಮಚ್ಚೆ ಕಂಡದ್ದನ್ನು ಆಗಲೇ ಎಸೆಯಿರಿ. ಉಳಿದದ್ದನ್ನು 90 ಸೆಂ.ಮೀ. ಅಂತರದಲ್ಲಿ ಹೊಲಕ್ಕೆ ನೆಡಿ. ಕೂಲಿ ಜಾಸ್ತಿ ಆಗುತ್ತದೆ, ನಿಜ. ತಿರುವನಂತಪುರದ ಕೇಂದ್ರೀಯ ಗೆಡ್ಡೆ ಬೆಳೆಗಳ ಸಂಶೋಧನಾ ಸಂಸ್ಥೆಯ ಶ್ರೀ ರಕ್ಷಾ, ಶ್ರೀ ಶಕ್ತಿ, ಶ್ರೀ ಸುವರ್ಣ ತಳಿಗಳು ಮೊಸಾಯಿಕ್ ತಡೆಯುತ್ತವೆ. ಕಡ್ಡಿ ಸಿಗುತ್ತದಾ ವಿಚಾರಿಸಿ. ಸಾಬೂದಾನಿ ಫ್ಯಾಕ್ಟರಿಗೆ ಕೊಡುವುದಾದರೆ ಆ ತಳಿ ತಗೊಳ್ಳುತ್ತಾರಾ ಅಂತ ಮೊದಲೇ ಕೇಳಿಕೊಳ್ಳಿ.

ಹನೂರು ಹೊಲ:
ಕಿತ್ತ ಜಾಗಕ್ಕೆ ಈಗ ಹೊಸ ಕಡ್ಡಿ ನೆಡಬಹುದಾ?

ಗೆಡ್ಡೆಗೆಣಸು:
ಸುಮ್ನೆ ದಂಡ. ಅಕ್ಕಪಕ್ಕದ ಗಿಡಗಳ ನೆರಳಲ್ಲಿ ಮೇಲೇಳುವುದಿಲ್ಲ. ಖಾಲಿ ಬಿಡಿ.