ಗಾಜಿನ ಡಬ್ಬಿಯ ಮೇಣದಬತ್ತಿ ಮಸಿ ಕಾರುತ್ತೆ, ಏನ್ಮಾಡೋದು?

ಪ್ರಶ್ನೆ (ಡೊಂಬಿವಲಿ):
ಸೋಯಾ ಮೇಣದ್ದು. ಹಚ್ಚಿದ ಅರ್ಧ ಗಂಟೆಗೇ ಗಾಜಿನ ಅಂಚೆಲ್ಲ ಕಪ್ಪು. ನಡುವೆ ಮಾತ್ರ ಗುಂಡಿ ಬೀಳುತ್ತೆ. ಮೇಣ ಕಳಪೆಯೇ?

ಉತ್ತರ (ಪುಣೆ):
ಮೇಣಕ್ಕಿಂತ ಬತ್ತಿ ನೋಡಿ ಸರ್. ಪ್ರತಿ ಸಲ ಹಚ್ಚುವ ಮುನ್ನ 6 ಮಿ.ಮೀ.ಗೆ ಕತ್ತರಿಸಿ, ತುದಿಯಲ್ಲಿ ಅಣಬೆಯಂತೆ ಕಟ್ಟಿದ ಕರಿ ಚಿವುಟಿ ತೆಗೆಯಿರಿ. ಬತ್ತಿ ಉದ್ದವಿದ್ದರೆ ಹೆಚ್ಚು ಮೇಣ ಹೀರುತ್ತೆ, ಪೂರ್ತಿ ಉರಿಯದ್ದು ಮಸಿಯಾಗುತ್ತೆ. ಫ್ಯಾನ್ ಕೆಳಗಂತೂ ಇಡಲೇಬೇಡಿ. ಗುಂಡಿಗೆ ಕಾರಣ ಬೇಗ ಆರಿಸುವುದು: ಮೊದಲ ಸಲ ಕರಗಿದ ಮೇಣ ಅಂಚು ಮುಟ್ಟುವವರೆಗೆ ಉರಿಯಲಿ, 4 ಗಂಟೆ ಮೀರದಿರಲಿ.

ಉತ್ತರ (ಮಡಗಾಂವ್):
ತಳದಲ್ಲಿ 1 ಸೆಂ.ಮೀ. ಮೇಣ ಉಳಿದಾಗ ನಿಲ್ಲಿಸಿ, ಗಾಜು ಕಾದು ಸೀಳಬಹುದು. ಮೇಣಕ್ಕೇ ಬೆಂಕಿ ಹತ್ತಿದರೆ ದಯವಿಟ್ಟು ನೀರು ಹಾಕಬೇಡಿ, ಸಿಡಿದು ಜ್ವಾಲೆ ಮೇಲೇಳುತ್ತೆ. ಸ್ಟೀಲ್ ತಟ್ಟೆ ಮುಚ್ಚಿ.