ಹೈಸ್ಕೂಲ್ ಫುಟ್‌ಬಾಲ್ ಡಾಕ್ಯುಮೆಂಟರಿ: ಮ್ಯಾಚ್ ಬಿಟ್ಟು ಏನು ಶೂಟ್ ಮಾಡಲಿ?

ಟೆಕ್ಸಸ್ ಅಮ್ಮ:
ಎಲ್ಲರಿಗೂ ನಮಸ್ಕಾರ. ನಾವಿರುವುದು ಟೆಕ್ಸಸ್‌ನ ಒಂದು ಸಣ್ಣ ಊರಿನಲ್ಲಿ. ಮಗ ಹೈಸ್ಕೂಲಿನ ಮಾರ್ಚಿಂಗ್ ಬ್ಯಾಂಡಿನಲ್ಲಿ ಟ್ರಂಪೆಟ್ ಊದುತ್ತಾನೆ, ಹಾಗಾಗಿ ಸೀಸನ್‌ನಲ್ಲಿ ಶುಕ್ರವಾರ ರಾತ್ರಿ ಆಯ್ತು ಅಂದ್ರೆ ನಾನೂ ಸ್ಟೇಡಿಯಂನಲ್ಲೇ. ಹೆಲ್ಮೆಟ್ ಹಾಕಿಕೊಂಡು ಆಡುವ ಅಮೆರಿಕದ ಫುಟ್‌ಬಾಲ್ ಇದು. ಅವತ್ತು ಇಡೀ ಊರು ಅಲ್ಲಿಗೇ ಬರುತ್ತೆ, ನಮ್ಮೂರ ತೇರು ನೆನಪಾಗುತ್ತೆ. ಇದರ ಬಗ್ಗೆ ಡಾಕ್ಯುಮೆಂಟರಿ ಮಾಡಬೇಕು ಅಂತ ಹೋದ ವರ್ಷ ಆರು ಮ್ಯಾಚ್ ಶೂಟ್ ಮಾಡಿದೆ. ಈಗ ಕೂತು ನೋಡಿದರೆ ಟಿವಿ ಹೈಲೈಟ್ಸ್ ತರಹ ಇದೆ. ಊರೇ ಕಾಣ್ತಿಲ್ಲ. ಎಲ್ಲಿ ಎಡವಿದೆ?

ಎಡಿಟಿಂಗ್ ಟೇಬಲ್:
ಶನಿವಾರದಿಂದ ಗುರುವಾರದವರೆಗೆ ನಿಮ್ಮ ಕ್ಯಾಮೆರಾ ಎಲ್ಲಿತ್ತು? ಊರು ಸಿಗೋದು ಆಗ. 2012ರಲ್ಲಿ ಆಸ್ಕರ್ ಗೆದ್ದ ‘ಅನ್‌ಡಿಫೀಟೆಡ್’ ನೋಡಿ. ಮೆಂಫಿಸ್‌ನ ಮನಾಸಸ್ ಹೈಸ್ಕೂಲ್ ತಂಡದ ಕಥೆ. ನಿರ್ದೇಶಕರು ಡ್ಯಾನಿಯಲ್ ಲಿಂಡ್ಸೆ ಮತ್ತು ಟಿ.ಜೆ. ಮಾರ್ಟಿನ್, ಇಬ್ಬರೂ ತಿಂಗಳುಗಟ್ಟಲೆ ಆ ಊರಲ್ಲೇ ಹೋಗಿ ಇದ್ದರು. ಅದರಲ್ಲಿ ಮಂಡಿಗೆ ಪೆಟ್ಟಾದ ಹುಡುಗ ಒಬ್ಬ ತಾನು ಸಾಕಿದ ಆಮೆ ತೋರಿಸುತ್ತಾ ಅದರ ಚಿಪ್ಪಿನ ಬಗ್ಗೆ ಮಾತಾಡ್ತಾನೆ. ಸ್ಕೋರ್ ಎಲ್ಲಾ ಮರೆತುಹೋಗಿದೆ ನನಗೆ, ಆ ಆಮೆ ಮರೆತಿಲ್ಲ. ಇಂಥದ್ದು ಒಂದು ದಿನ ಹೋಗಿ ಕೇಳಿದರೆ ಸಿಗಲ್ಲ, ಸುಮ್ನೆ ಜೊತೆಗೆ ಕೂತಿರಬೇಕು.

ಓಹಾಯೋ ಕನ್ನಡಿಗ:
ದುಡ್ಡಿನ ವಿಷಯ ಬಿಡಬೇಡಿ. ನಮ್ಮ ಕಡೆ ಮ್ಯಾಸಿಲನ್ ಅಂತ ಊರಿದೆ, ಅಲ್ಲಿ ಗಂಡು ಮಗು ಹುಟ್ಟಿದರೆ ಆಸ್ಪತ್ರೆಯಲ್ಲೇ ಕೈಗೊಂದು ಪುಟ್ಟ ಫುಟ್‌ಬಾಲ್ ಕೊಡ್ತಿದ್ದರು. ಪಕ್ಕದ ಕ್ಯಾಂಟನ್ ಮೆಕಿನ್ಲಿ ಶಾಲೆ ಜೊತೆಗಿನ ಪೈಪೋಟಿ 1894ರಿಂದ ಇದೆ. ಆ ಊರಿನವರೇ ಒಬ್ಬರು ಮಾಡಿದ ‘ಗೋ ಟೈಗರ್ಸ್’ ಡಾಕ್ಯುಮೆಂಟರಿಯಲ್ಲಿ ಆಟದ ಜೊತೆಗೇ ಶಾಲೆಗಾಗಿ ತೆರಿಗೆ ಹಾಕಬೇಕಾ ಬೇಡ್ವಾ ಅನ್ನೋ ಮತದಾನವೂ ನಡೆಯುತ್ತೆ. ನೀವೂ ಸ್ಕೂಲ್ ಬೋರ್ಡ್ ಮೀಟಿಂಗಿಗೆ ಹೋಗಿ ಕೂರಿ. ಯಾರು ಎದ್ದು ಏನು ಕೇಳ್ತಾರೆ ನೋಡಿ.

ಹಾಸನದವಳು:
ಅಕ್ಕಾ, ಎರಡು ಮಾತು. ಹುಡುಗರು ಇನ್ನೂ ಚಿಕ್ಕವರು, ಶಾಲೆ ಒಪ್ಪಿದರೆ ಸಾಲದು, ಅಪ್ಪ ಅಮ್ಮನ ಸಹಿಯೂ ಈಗಲೇ ತಗೊಳ್ಳಿ. ಆಮೇಲೆ ಮೈಕಿನಲ್ಲಿ ಹಾಕೋ ಸಿನಿಮಾ ಹಾಡು, ನಿಮ್ಮ ಮಗನ ಬ್ಯಾಂಡ್ ನುಡಿಸೋ ಹಿಟ್ ಹಾಡು, ಎಲ್ಲಕ್ಕೂ ಹಕ್ಕು ಕೊಳ್ಳಬೇಕಾಗುತ್ತೆ. ಮಾತಿನ ಸದ್ದು ಬೇರೆ ಟ್ರ್ಯಾಕಿನಲ್ಲಿ ಹಿಡೀರಿ, ಕೋಚ್ ಕಾಲರಿಗೆ ಒಂದು ಪುಟ್ಟ ಮೈಕ್ ಸಿಕ್ಕಿಸಿ.
ಹಳೇ ವಿದ್ಯಾರ್ಥಿಗಳನ್ನ ಶಾಲೆಗೆ ಕರೆಯೋ ಹೋಮ್‌ಕಮಿಂಗ್ ಹಬ್ಬದ ವಾರ ನಿಮ್ಮಲ್ಲಿ ಅಮ್ಮಂದಿರು ಬಟ್ಟೆಯ ದೊಡ್ಡ ಸೇವಂತಿಗೆಗೆ ಮೊಳಗಟ್ಟಲೆ ರಿಬ್ಬನ್, ಗೆಜ್ಜೆ ಅಂಟಿಸ್ತಾರಲ್ವಾ? ಅದು ಶೂಟ್ ಆಗಿದೆಯಾ?

ಟೆಕ್ಸಸ್ ಅಮ್ಮ:
ಇಲ್ಲ ಕಣಮ್ಮ. ಹೋದ ವರ್ಷ ಪಕ್ಕದ ಮನೆ ಗ್ಯಾರೇಜಿನಲ್ಲಿ ಕೂತು ನಾನೇ ರಿಬ್ಬನ್ ಕತ್ತರಿಸಿ ಕೊಟ್ಟಿದ್ದೆ. ಅವರ ಮಗ ತಲೆಗೆ ಪೆಟ್ಟಾಗಿ ಆ ವಾರ ಆಡ್ತಿರಲಿಲ್ಲ. ಅವರು ಒಂದು ಮಾತೂ ಆಡದೆ ಗೆಜ್ಜೆ ಅಂಟಿಸ್ತಾನೇ ಇದ್ದರು. ಕ್ಯಾಮೆರಾ ಮನೆಯಲ್ಲೇ ಬಿಟ್ಟು ಹೋಗಿದ್ದೆ. ಆಗಸ್ಟ್‌ನಲ್ಲಿ ಪ್ರಾಕ್ಟೀಸ್ ಶುರುವಾಗೋ ಮುಂಚೆ ಮೊದಲು ಅವರ ಹತ್ತಿರಾನೇ ಹೋಗಿ ಕೇಳ್ತೀನಿ.