ಪುಣೆಯ ಅಕ್ಷಾಂಶಕ್ಕೆ ಅಸ್ಟ್ರೊಲೇಬ್: ದೆಹಲಿಯ ತಟ್ಟೆ ನಡೆಯುತ್ತದೆಯೇ?

ಕೊತ್ರೂಡ್ ಕನ್ನಡಿಗ:

ಎಲ್ಲರಿಗೂ ನಮಸ್ಕಾರ. ಕನ್ನಡ ಸಂಘದ ಮಕ್ಕಳ ವಿಜ್ಞಾನ ಪ್ರದರ್ಶನಕ್ಕೆ ರಟ್ಟಿನಲ್ಲಿ 20 ಸೆಂ.ಮೀ. ವ್ಯಾಸದ ಅಸ್ಟ್ರೊಲೇಬ್ (ಸೂರ್ಯ, ನಕ್ಷತ್ರಗಳ ಎತ್ತರ ಅಳೆದು ಸಮಯ ತಿಳಿಯುವ ಹಳೆಯ ಯಂತ್ರ) ಮಾಡಬೇಕಾಗಿದೆ. ಕೈಗೆ ಸಿಕ್ಕಿರುವ ನಕ್ಷೆ ದೆಹಲಿಯ ಅಕ್ಷಾಂಶಕ್ಕೆ (28.6°) ಬರೆದದ್ದು. ಅದನ್ನೇ ಇಲ್ಲಿ ಬಳಸಿದರೆ ಎಷ್ಟು ತಪ್ಪು ಬರುತ್ತದೆ? ಹೊಸದಾಗಿ ಬರೆಯುವುದಾದರೆ ಅಳತೆಗಳೇನು? ಇನ್ನೊಂದು, ಗೋವಾಕ್ಕೆ ಬಂದ ಪೋರ್ಚುಗೀಸರ ಹಡಗಿನಲ್ಲಿ ಇದ್ದದ್ದೂ ಇದೇ ಯಂತ್ರವೇ? ಮಕ್ಕಳು ಕೇಳಿಯೇ ಕೇಳುತ್ತಾರೆ.

ರಟ್ಟು-ಕೈವಾರ (ಪುಣೆ):

ದೆಹಲಿಯ ತಟ್ಟೆ (ಒಂದು ಅಕ್ಷಾಂಶಕ್ಕೆಂದೇ ಗೆರೆ ಬರೆದ, ಯಂತ್ರದ ತಿರುಗದ ಭಾಗ) ಬೇಡವೇ ಬೇಡ. ಲೆಕ್ಕ ನೋಡಿ: ಡಿಸೆಂಬರ್ 21ರಂದು ಪುಣೆಯಲ್ಲಿ ಸೂರ್ಯ 29.3° ಎತ್ತರದಲ್ಲಿದ್ದಾಗ ಸೌರಸಮಯ (ಸೂರ್ಯ ಅತಿ ಎತ್ತರಕ್ಕೆ ಬಂದಾಗ 12 ಎನ್ನುವ ಲೆಕ್ಕ) ಬೆಳಗ್ಗೆ 9. ಅದೇ ಎತ್ತರವನ್ನು ದೆಹಲಿಯ ತಟ್ಟೆಯಲ್ಲಿ ಹಿಡಿದರೆ 9:50 ತೋರಿಸುತ್ತದೆ, ಪಣಜಿಯ ತಟ್ಟೆಯಲ್ಲಿ 8:49. ಮುಂಬೈಯದಾದರೆ ವ್ಯತ್ಯಾಸ ಎರಡೇ ನಿಮಿಷ, ರಟ್ಟಿನ ಯಂತ್ರದಲ್ಲಿ ಅದು ಕಾಣುವುದೂ ಇಲ್ಲ. ಮುಂಬೈ-ಪುಣೆಗೆ ಒಂದೇ ತಟ್ಟೆ ಸಾಕು. ಹಿಂದಿನವರು ಇದಕ್ಕೆಂದೇ ಒಂದು ಯಂತ್ರದೊಳಗೆ ಹಲವು ಊರುಗಳ ತಟ್ಟೆಗಳನ್ನು, ಎರಡೂ ಬದಿಗೆ ಕೆತ್ತಿ, ಒಂದರ ಮೇಲೊಂದು ಇಡುತ್ತಿದ್ದರು.

ಈಗ ಅಳತೆ. ಆಕಾಶದ ದಕ್ಷಿಣ ಧ್ರುವದಲ್ಲಿ ಕಣ್ಣಿಟ್ಟು ನೋಡಿದಂತೆ ಇಡೀ ಗೋಲವನ್ನು ವಿಷುವದ್ವೃತ್ತದ (ಆಕಾಶದ ಸಮಭಾಜಕ ವೃತ್ತದ) ತಳಕ್ಕೆ ಇಳಿಸಿದ ಚಿತ್ರ ಇದು. ಇದರಲ್ಲಿ ಗೋಲದ ಮೇಲಿನ ವೃತ್ತ ಕಾಗದದ ಮೇಲೂ ವೃತ್ತವಾಗಿಯೇ ಉಳಿಯುವುದರಿಂದ ಕೈವಾರ ಒಂದರಲ್ಲೇ ಕೆಲಸ ಮುಗಿಯುತ್ತದೆ. ಹೊರಗಿನ ಮಕರ ವೃತ್ತದ ತ್ರಿಜ್ಯ 100 ಮಿ.ಮೀ. ಇಟ್ಟರೆ ವಿಷುವದ್ವೃತ್ತ 65.6, ಕರ್ಕ ವೃತ್ತ 43.1. ಮೂರಕ್ಕೂ ಕೇಂದ್ರ ಒಂದೇ, ಅದೇ ಧ್ರುವ.

ತಟ್ಟೆಯಲ್ಲಿ ದಕ್ಷಿಣ ಮೇಲೆ, ಪೂರ್ವ ಎಡಕ್ಕೆ. ಎತ್ತರದ ವೃತ್ತಗಳ (ಕ್ಷಿತಿಜದಿಂದ ಒಂದೇ ಎತ್ತರದ ಬಿಂದುಗಳನ್ನು ಸೇರಿಸುವ ಗೆರೆಗಳ) ಕೇಂದ್ರಗಳೆಲ್ಲ ನಡುವಿನ ಲಂಬ ಗೆರೆಯ ಮೇಲೆ, ಧ್ರುವದಿಂದ ಮೇಲಕ್ಕೆ ಬರುತ್ತವೆ. ಅಕ್ಷಾಂಶ 18.52°, ಎತ್ತರ a ಆದರೆ:

ಕೇಂದ್ರದ ದೂರ = 65.64 × cos 18.52° ÷ (sin 18.52° + sin a)
ತ್ರಿಜ್ಯ = 65.64 × cos a ÷ (sin 18.52° + sin a)

ಕ್ಷಿತಿಜಕ್ಕೆ (0°) ಕೇಂದ್ರ 196.0, ತ್ರಿಜ್ಯ 206.7. 30°ಗೆ 76.1 ಮತ್ತು 69.5. 60°ಗೆ 52.6 ಮತ್ತು 27.7. ನೆತ್ತಿಯ ಬಿಂದು 47.2. ಉಳಿದವನ್ನು ಐದೈದು ಡಿಗ್ರಿಗೆ ನೀವೇ ಹಾಕಿಕೊಳ್ಳಿ.

ತೊಂದರೆ ಬರುವುದು ಕ್ಷಿತಿಜದ ಹತ್ತಿರ. ನಮ್ಮದು ಕಡಿಮೆ ಅಕ್ಷಾಂಶವಾದ್ದರಿಂದ ಕಂಸಗಳು ದೊಡ್ಡವು, ಕಂಪಾಸ್ ಪೆಟ್ಟಿಗೆಯ ಕೈವಾರ ಸಾಲದು, ಕೇಂದ್ರವೂ ಹಾಳೆಯಿಂದ ಆಚೆ ಹೋಗುತ್ತದೆ. ಹಾಳೆಯನ್ನು ಹಲಗೆಗೆ ಅಂಟಿಸಿ, ತೆಳುವಾದ ಮರದ ಪಟ್ಟಿಗೆ 206.7 ಮಿ.ಮೀ. ಅಂತರದಲ್ಲಿ ಎರಡು ತೂತು ಮಾಡಿ, ಒಂದಕ್ಕೆ ಮೊಳೆ, ಇನ್ನೊಂದಕ್ಕೆ ಪೆನ್ಸಿಲ್ ಹಾಕಿ ಎಳೆಯಿರಿ. ಸರಿಯಾಗಿದೆಯೋ ಇಲ್ಲವೋ ಎನ್ನಲು ಎರಡು ಪರೀಕ್ಷೆ: ಕ್ಷಿತಿಜದ ಗೆರೆ ಧ್ರುವದಿಂದ 10.7 ಮಿ.ಮೀ. ಕೆಳಗೆ ಹಾಯಬೇಕು, 18.5° ಎತ್ತರದ ವೃತ್ತ ಸರಿಯಾಗಿ ಧ್ರುವದ ಮೇಲೆಯೇ ಹಾಯಬೇಕು.

ಕಂಪ್ಯೂಟರಿನಲ್ಲಿ ಬರೆದು ಎ4 ಹಾಳೆಗೆ ಹಾಕಿಸುವವರಿಗೆ: ಪ್ರಿಂಟರ್ ಅಂಚು ಬಿಡುತ್ತದೆ, 200 ಮಿ.ಮೀ. ವೃತ್ತ ಕತ್ತರಿಸಿ ಹೋಗಬಹುದು. ಅಪ್ಪಾ ಬಳವಂತ ಚೌಕದ ಸುತ್ತಮುತ್ತ ಝೆರಾಕ್ಸ್ ಅಂಗಡಿಯಲ್ಲಿ ಎ3 ಮಾಡಿಸಿ. ‘ಹಾಳೆಗೆ ಹೊಂದಿಸು’ ಎಂಬ ಆಯ್ಕೆ ತೆಗೆಸಲು ಮರೆಯಬೇಡಿ.

ಚಿತ್ತಾ-ಸ್ವಾತಿ (ಡೊಂಬಿವಲಿ):

ಮೇಲಿನವರು ತಟ್ಟೆ ಹೇಳಿದ್ದಾರೆ, ನಾನು ಅದರ ಮೇಲೆ ತಿರುಗುವ ನಕ್ಷತ್ರ ಜಾಲದ ಬಗ್ಗೆ ಬರೆಯುತ್ತೇನೆ. ಸಂಸ್ಕೃತದಲ್ಲಿ ತಟ್ಟೆ ಅಕ್ಷಪತ್ರ, ಜಾಲ ಭಪತ್ರ, ಇಡೀ ಯಂತ್ರ ಯಂತ್ರರಾಜ. 1370ರಲ್ಲಿ ಫಿರೋಜ್ ಷಾ ತುಘಲಕನ ಆಶ್ರಯದಲ್ಲಿ ಜೈನ ಪಂಡಿತ ಮಹೇಂದ್ರ ಸೂರಿ ಇದರ ಮೇಲೆ ಸಂಸ್ಕೃತದಲ್ಲಿ ಗ್ರಂಥ ಬರೆದ. 17ನೇ ಶತಮಾನದಲ್ಲಿ ಲಾಹೋರಿನ ಒಂದೇ ಮನೆತನದ ಕಂಚುಗಾರರು ತಲೆಮಾರುಗಟ್ಟಲೆ ಇವನ್ನು ಮಾಡಿದರು.

ಜಾಲವನ್ನು ಓಎಚ್‌ಪಿ ಶೀಟಿನ (ಪಾರದರ್ಶಕ ಹಾಳೆಯ) ಮೇಲೆ ಬರೆಯಿರಿ, ಕೆಳಗಿನ ಗೆರೆಗಳು ಕಾಣುತ್ತವೆ. ಕ್ರಾಂತಿವೃತ್ತದ (ವರ್ಷವಿಡೀ ಸೂರ್ಯ ಸಾಗುವ ದಾರಿಯ) ತ್ರಿಜ್ಯ 71.5, ಅದರ ಕೇಂದ್ರ ಧ್ರುವದಿಂದ 28.5 ಮಿ.ಮೀ. ಪಕ್ಕಕ್ಕೆ. ಒಂದು ತುದಿ ಮಕರ ವೃತ್ತವನ್ನೂ ಎದುರಿನ ತುದಿ ಕರ್ಕ ವೃತ್ತವನ್ನೂ ಮುಟ್ಟಬೇಕು. ಇದನ್ನು ಸಮನಾಗಿ 12 ಭಾಗ ಮಾಡಿದರೆ ಕೆಟ್ಟಿತು! ಮೇಷದ ಆರಂಭದಿಂದ 30° ಗುರುತು ಧ್ರುವದಲ್ಲಿ ಅಳೆದರೆ 27.9°ಗೆ, 60° ಗುರುತು 57.8°ಗೆ ಬರುತ್ತದೆ.

ನಕ್ಷತ್ರಗಳು ಧ್ರುವದಿಂದ: ರೋಹಿಣಿ 49.0 ಮಿ.ಮೀ., ಸ್ವಾತಿ 46.7, ಶ್ರವಣ 56.2, ಚಿತ್ತಾ 79.9, ಲುಬ್ಧಕ 88.2. ಜ್ಯೇಷ್ಠಾ ಮತ್ತು ಅಗಸ್ತ್ಯ ಮಕರ ವೃತ್ತದಿಂದ ಆಚೆ ಬೀಳುತ್ತವೆ, ಅವಕ್ಕೆ ಇಲ್ಲಿ ಜಾಗವಿಲ್ಲ. ಹಳೆಯ ಯಂತ್ರದ ಚಿತ್ರ ನೋಡಿ ನಕಲು ಮಾಡಬೇಡಿ: ಸುಮಾರು 72 ವರ್ಷಕ್ಕೆ ಒಂದು ಡಿಗ್ರಿಯಂತೆ ಮಹೇಂದ್ರ ಸೂರಿಯ ಕಾಲದಿಂದ ನಕ್ಷತ್ರಗಳ ಸ್ಥಾನ 9° ಸರಿದಿದೆ.

ನಮ್ಮವರು ಎಡವುವ ಇನ್ನೊಂದು ಜಾಗ ಪಂಚಾಂಗ. ಮಕರ ಸಂಕ್ರಾಂತಿ ಜನವರಿ 14ಕ್ಕೆ ಎಂದು ಸೂರ್ಯನನ್ನು ಅಂದು ಮಕರದ ಮೊದಲ ಡಿಗ್ರಿಗೆ ಇಟ್ಟರೆ 24° ತಪ್ಪು. ಯಂತ್ರಕ್ಕೆ ಬೇಕಾದದ್ದು ಸಾಯನ ಸ್ಥಾನ, ಅಂದರೆ ನಕ್ಷತ್ರಗಳಿಂದಲ್ಲದೆ ಮಾರ್ಚ್ ವಿಷುವದ ಬಿಂದುವಿನಿಂದ ಅಳೆದದ್ದು. ಅದರಲ್ಲಿ ಮಕರ ಆರಂಭವಾಗುವುದು ಡಿಸೆಂಬರ್ 21-22ಕ್ಕೆ.

ಸಮಯ ಓದುವುದು ಹೀಗೆ. ಹಿಂಬದಿಯ ದರ್ಶಕ ಪಟ್ಟಿಯಿಂದ (ಎರಡೂ ತುದಿಗೆ ತೂತಿರುವ, ತಿರುಗುವ ಪಟ್ಟಿ) ಸೂರ್ಯನ ಎತ್ತರ ಅಳೆಯಿರಿ. ಕಣ್ಣಿಟ್ಟು ನೋಡಕೂಡದು, ಮೇಲಿನ ತೂತಿನ ಬೆಳಕು ಕೆಳಗಿನ ತೂತಿನ ಮೇಲೆ ಬೀಳುವಂತೆ ತಿರುಗಿಸಬೇಕು, ಮಕ್ಕಳಿಗೆ ಇದನ್ನು ಮೊದಲೇ ಹೇಳಿ. ಆಮೇಲೆ ಮುಂಬದಿಯಲ್ಲಿ ಕ್ರಾಂತಿವೃತ್ತದ ಮೇಲಿನ ಆ ದಿನದ ಸೂರ್ಯನ ಡಿಗ್ರಿಯನ್ನು ಆ ಎತ್ತರದ ವೃತ್ತಕ್ಕೆ, ಬೆಳಗ್ಗೆಯಾದರೆ ಎಡಬದಿಯಲ್ಲಿ, ತಂದು ನಿಲ್ಲಿಸಿ. ಮುಳ್ಳನ್ನು ಆ ಡಿಗ್ರಿಯ ಮೇಲಿಟ್ಟರೆ ಅಂಚಿನಲ್ಲಿ ಗಂಟೆ ಸಿಗುತ್ತದೆ.

ಸಿಕ್ಕಿದ್ದು ಸ್ಥಳೀಯ ಸೌರಸಮಯ, ಗಡಿಯಾರದ್ದಲ್ಲ. ನಮ್ಮ ಗಡಿಯಾರ 82.5° ರೇಖಾಂಶದ್ದು, ಪುಣೆ 73.86°ಯಲ್ಲಿದೆ, ಹಾಗಾಗಿ 34.6 ನಿಮಿಷ ಕೂಡಿಸಿ. ಮುಂಬೈಗೆ 39, ಹಳೆಯ ಬಾಂಬೆ ಟೈಮ್ ಹಿಂದಿದ್ದದ್ದೂ ಇಷ್ಟೇ. ಮೇಲಿಂದ ಸೂರ್ಯನ ನಡೆಯ ಏರುಪೇರು: ಫೆಬ್ರವರಿ 11ರ ಸುಮಾರಿಗೆ 14 ನಿಮಿಷ ಕೂಡಿಸಬೇಕು, ನವೆಂಬರ್ 3ರ ಸುಮಾರಿಗೆ 16 ಕಳೆಯಬೇಕು. ಪುಣೆಯ ನಿಜವಾದ ಮಧ್ಯಾಹ್ನ ಒಮ್ಮೆ 12:49ಕ್ಕೆ, ಇನ್ನೊಮ್ಮೆ 12:18ಕ್ಕೆ!

ಮಾಂಡವಿ ದಂಡೆ (ಪಣಜಿ):

ಮೂರನೇ ಪ್ರಶ್ನೆಗೆ ನಾ ಹೇಳ್ತೀನಿ. ಹಡಗಿನದು ಬ್ಯಾರೆ ಯಂತ್ರರೀ. ಅದ್ರಾಗ ನಕ್ಷತ್ರ ಜಾಲ ಇಲ್ಲ, ಊರಿನ ತಟ್ಟೆ ಇಲ್ಲ. ಡಿಗ್ರಿ ಕೊರೆದ ಹಿತ್ತಾಳೆ ಬಳೆ, ನಡುವೆ ದರ್ಶಕ ಪಟ್ಟಿ, ಮುಗೀತು. ಗಾಳಿಗೆ ಅಲುಗಾಡಬಾರದು ಅಂತ ನಡುವೆಲ್ಲ ಕೊರೆದು ತೆಗೆದು, ಕೆಳಗ ಭಾರ ಬಿಡ್ತಿದ್ರು. ಒಮಾನ್ ಕರಾವಳಿಯಾಗ 1503ರಾಗ ಮುಳುಗಿದ ಎಸ್ಮೆರಾಲ್ಡಾ ಹಡಗಿನ ಜಾಗದಾಗ 2014ಕ್ಕ ಸಿಕ್ಕದ್ದು ಮಾತ್ರ ಗಟ್ಟಿ ತಟ್ಟೆ: 17.5 ಸೆಂ.ಮೀ. ವ್ಯಾಸ, 344 ಗ್ರಾಂ, ಐದೈದು ಡಿಗ್ರಿಗೆ ಗುರುತು.

ಕೆಲಸ ಒಂದೇ: ಮಧ್ಯಾಹ್ನದ ಸೂರ್ಯನ ಎತ್ತರದಿಂದ ಅಕ್ಷಾಂಶ. ಸೂರ್ಯ ದಕ್ಷಿಣಕ್ಕಿದ್ರ, 90ರಾಗ ಎತ್ತರ ಕಳೆದು ಆ ದಿನದ ಸೂರ್ಯನ ಕ್ರಾಂತಿ, ಅಂದ್ರ ವಿಷುವದ್ವೃತ್ತದಿಂದ ಅವ ಎಷ್ಟು ಡಿಗ್ರಿ ದೂರ ಅದಾನ ಅನ್ನೋದು, ಕೂಡಿಸಬೇಕು (ದಕ್ಷಿಣ ಕ್ರಾಂತಿ ಆದ್ರ ಕಳೀಬೇಕು). ಡಿಸೆಂಬರ್ 21ಕ್ಕ ಪಣಜಿಯಾಗ ಎತ್ತರ 51.1°: 38.9 − 23.4 = 15.5. ಆದ್ರ ಮೇ ಮೊದಲ ವಾರದಿಂದ ಆಗಸ್ಟ್ ಎರಡನೇ ವಾರದ ತನಕ ಇಲ್ಲಿ ಮಧ್ಯಾಹ್ನದ ಸೂರ್ಯ ಉತ್ತರಕ್ಕಿರ್ತಾನ. ಜೂನ್ 21ಕ್ಕ ಎತ್ತರ 82°, ನೆತ್ತಿಯಿಂದ 8° ಉತ್ತರಕ್ಕ. ಈಗ 23.4ರಾಗ 8 ಕಳೀಬೇಕು. ಯುರೋಪಿನ ರೂಢಿಯಂಗ ಕೂಡಿಸಿದ್ರ 31.4° ಬರ್ತದ, ಅಂದ್ರ ಗೋವಾದಾಗ ನಿಂತು ಲಾಹೋರಿನಾಗ ಅದೀನಿ ಅಂದಂಗ. ಒಂದು ಡಿಗ್ರಿ ತಪ್ಪಿದ್ರನ 111 ಕಿ.ಮೀ. ಹೋಗ್ತದ.

ಕೊತ್ರೂಡ್ ಕನ್ನಡಿಗ:

ಎಲ್ಲರಿಗೂ ಧನ್ಯವಾದ. ಪ್ರದರ್ಶನ ಡಿಸೆಂಬರಿನಲ್ಲೇ. ಮಧ್ಯಾಹ್ನ 12ಕ್ಕೆ ಮಾಡಿ ತೋರಿಸಿದರೆ ಆದೀತೇ?

ರಟ್ಟು-ಕೈವಾರ (ಪುಣೆ):

ಬೇಡ. ಡಿಸೆಂಬರಿನ ಮಧ್ಯಾಹ್ನ ಇಲ್ಲಿ ಎತ್ತರ 48°, ಅರ್ಧ ಗಂಟೆ ಮೊದಲು 47.4°. ಆ ಅರ್ಧ ಡಿಗ್ರಿಯನ್ನು ರಟ್ಟಿನಲ್ಲಿ ಓದಲಾಗದು. ಸೌರಸಮಯ 9ರಿಂದ 10ರೊಳಗೆ ಸೂರ್ಯ ಒಂಬತ್ತೂವರೆ ಡಿಗ್ರಿ ಏರುತ್ತಾನೆ, ಒಂದು ಡಿಗ್ರಿಗೆ ಆರು ನಿಮಿಷ, ಆಗ ಮಾಡಿ. ಡಿಸೆಂಬರ್ 21ಕ್ಕೆ ಯಂತ್ರ 9 ತೋರಿಸಿದಾಗ ಗಡಿಯಾರ ಸುಮಾರು 9:33 ತೋರಿಸಬೇಕು. ನಡುವಿನ ತೂತಿಗೆ ಹಿತ್ತಾಳೆಯ ಐಲೆಟ್ ಹಾಕಿಸಿ, ಇಲ್ಲದಿದ್ದರೆ ಹತ್ತು ಮಕ್ಕಳು ತಿರುಗಿಸುವಷ್ಟರಲ್ಲಿ ರಟ್ಟು ಸವೆದು ಜಾಲ ಒಂದು ಮಿ.ಮೀ. ಜಾರುತ್ತದೆ. ತೂಗುವ ದಾರ ಉಂಗುರದಲ್ಲಿ ಸಲೀಸಾಗಿ ಓಡಾಡಲಿ, ಗಂಟು ಬಿಗಿಯಾದರೆ ಯಂತ್ರ ಓರೆಯಾಗಿ ನಿಲ್ಲುತ್ತದೆ.